ಶಾಂಗ್ ಅರಸರ ಶಕುನದ ಮೂಳೆಯನ್ನು ಓದುವ ಬಗೆ

ಪ್ರಾಚೀನ ಚೀನಾದ ಧರ್ಮ ಎಂದೊಡನೆ ಕನ್‌ಫ್ಯೂಷಿಯಸ್, ತಾವೊ ಪಂಥ, ಬೌದ್ಧ ಧರ್ಮ ಎಂಬ ಹೆಸರುಗಳೇ ನೆನಪಿಗೆ ಬರುತ್ತವೆ. ಆದರೆ ಈ ಮೂರಕ್ಕೂ ಬಹಳ ಹಿಂದೆ, ಸುಮಾರು ಕ್ರಿ.ಪೂ. 1250ರಿಂದ 1046ರವರೆಗೆ, ಇಂದಿನ ಹೆನಾನ್ ಪ್ರಾಂತ್ಯದ ಆನ್ಯಾಂಗ್ ಬಳಿ ಹುವಾನ್ ನದಿಯ ದಡದಲ್ಲಿ ನೆಲೆಸಿ ಆಳಿದ ಶಾಂಗ್ ಅರಸರು ತಮ್ಮ ಭಯ, ಬೇಡಿಕೆ, ಬಲಿಗಳನ್ನು ಎತ್ತಿನ ಹೆಗಲ ಮೂಳೆಯ ಮೇಲೂ ಆಮೆಯ ಹೊಟ್ಟೆಚಿಪ್ಪಿನ ಮೇಲೂ ಕೊರೆಸಿಟ್ಟರು. ಮೂಳೆಗೆ ಕಾವು ತಾಗಿಸಿ, ಮೂಡಿದ ಬಿರುಕಿನಲ್ಲಿ ದೈವದ, ಪಿತೃಗಳ ಉತ್ತರವನ್ನು ಓದುವುದು ಅವರ ಶಕುನದ ರೀತಿ. ಅಂತಹ ಸುಮಾರು ಒಂದೂವರೆ ಲಕ್ಷ ತುಂಡುಗಳು ಈವರೆಗೆ ದೊರೆತಿವೆ. ಚೀನೀ ಭಾಷೆ ಬಾರದವರೂ ಒಂದು ಒಳ್ಳೆಯ ಅನುವಾದವನ್ನು ಪಕ್ಕದಲ್ಲಿಟ್ಟುಕೊಂಡು ಇವುಗಳನ್ನು ಕ್ರಮವಾಗಿ ಓದಬಹುದು. ಅದನ್ನು ಮಾಡುವ ರೀತಿಯನ್ನು ಇಲ್ಲಿ ವಿವರಿಸಿದೆ. ಓದುವಾಗ ಒಂದು ಕಟ್ಟುಪಾಡನ್ನು ಮಾತ್ರ ಬಿಡದೆ ಪಾಲಿಸಬೇಕು: ಯಿನ್-ಯಾಂಗ್, ಚೀನೀ ಪಂಚತತ್ತ್ವ (ಮರ, ಬೆಂಕಿ, ಮಣ್ಣು, ಲೋಹ, ನೀರು), ಸ್ವರ್ಗದ ಆದೇಶ (ಆಳುವ ಹಕ್ಕನ್ನು ಸ್ವರ್ಗವೇ ಕೊಡುತ್ತದೆಂಬ ನಂಬಿಕೆ) ಮೊದಲಾದ ನಂತರದ ಕಾಲದ ಕಲ್ಪನೆಗಳನ್ನು ಈ ಮೂಳೆಗಳ ಮೇಲೆ ಹೇರಬಾರದು.

ಮೊದಲು ತುಂಡಿನ ಆಯ್ಕೆ. ಔಷಧದಂಗಡಿಗಳಲ್ಲಿ ‘ಡ್ರ್ಯಾಗನ್ ಮೂಳೆ’ ಎಂದು ಮಾರಾಟವಾಗುತ್ತಿದ್ದ ಈ ವಸ್ತುಗಳ ಮೇಲಿನ ಗೀರುಗಳು ಪ್ರಾಚೀನ ಬರಹವೆಂದು ಗುರುತಿಸಿದ ಕೀರ್ತಿ 1899ರಲ್ಲಿ ವಾಂಗ್ ಯಿರಾಂಗ್ ಎಂಬ ವಿದ್ವಾಂಸ ಅಧಿಕಾರಿಗೆ ಸಲ್ಲುತ್ತದೆ. ಅಲ್ಲಿಂದ ಮುಂದೆ ಬೆಲೆ ಏರಿ, ಹಳೆಯ ಮೂಳೆಗಳ ಮೇಲೆ ಹೊಸದಾಗಿ ಅಕ್ಷರ ಕೊರೆಯುವ ಕಸುಬೂ ಹುಟ್ಟಿಕೊಂಡಿತು. ಆದ್ದರಿಂದ ಹೊಸ ಓದುಗರು ವಿಧಿವತ್ತಾದ ಉತ್ಖನನದಲ್ಲಿ ದೊರೆತ ತುಂಡುಗಳಿಂದ ಆರಂಭಿಸುವುದು ಕ್ಷೇಮ. ಆನ್ಯಾಂಗ್‌ನಲ್ಲಿ 1928ರಿಂದ 1937ರವರೆಗೆ ನಡೆದ ಉತ್ಖನನಗಳಲ್ಲಿ, 1936ರಲ್ಲಿ, ಒಂದೇ ಗುಂಡಿಯಿಂದ 17,000ಕ್ಕೂ ಹೆಚ್ಚು ತುಂಡುಗಳು ಹೊರಬಂದವು. ಅವುಗಳಲ್ಲಿ ಇಡಿಯಾದ ಆಮೆಚಿಪ್ಪುಗಳು ನೂರಾರು. 1978ರಿಂದ 1982ರ ನಡುವೆ ಹದಿಮೂರು ಸಂಪುಟಗಳಲ್ಲಿ ಪ್ರಕಟವಾದ ‘ಹೆಜಿ’ ಎಂಬ ಸಂಕಲನ ಸುಮಾರು 42,000 ತುಂಡುಗಳಿಗೆ ಕ್ರಮಸಂಖ್ಯೆ ಕೊಟ್ಟಿದೆ. ಯಾವ ತುಂಡನ್ನು ಕುರಿತು ಓದಿದರೂ ಆ ಸಂಖ್ಯೆಯನ್ನು ಗುರುತು ಹಾಕಿಕೊಂಡರೆ ಚಿತ್ರ, ಅಚ್ಚುಪ್ರತಿ (ಮೂಳೆಯ ಮೇಲೆ ಕಾಗದವಿಟ್ಟು ಮಸಿಯಿಂದ ತೆಗೆದ ಪಡಿಯಚ್ಚು), ಅನುವಾದ ಮೂರನ್ನೂ ಹೊಂದಿಸುವುದು ಸುಲಭ. ಕೇಂಬ್ರಿಜ್ ವಿಶ್ವವಿದ್ಯಾಲಯದ ಗ್ರಂಥಾಲಯ ಮತ್ತು ಬ್ರಿಟಿಷ್ ಲೈಬ್ರರಿ ತಮ್ಮಲ್ಲಿರುವ ಮೂಳೆಗಳ ಚಿತ್ರಗಳನ್ನು ಅಂತರ್ಜಾಲದಲ್ಲಿ ಇರಿಸಿವೆ.

ಚಿತ್ರ ಸಿಕ್ಕ ಕೂಡಲೇ ಅಕ್ಷರಗಳಿಗೆ ಕೈಹಾಕದೆ, ಸಾಧ್ಯವಾದರೆ ಮೊದಲು ಹಿಂಬದಿಯನ್ನು ನೋಡಿ. ಮೂಳೆಯನ್ನು ಹೆರೆದು ನಯಗೊಳಿಸಿ, ಹಿಂಬದಿಯಲ್ಲಿ ಸಾಲಾಗಿ ಕುಳಿಗಳನ್ನು ತೋಡುತ್ತಿದ್ದರು. ಉದ್ದನೆಯ ಕುಳಿಯೊಂದರ ಪಕ್ಕದಲ್ಲೇ ದುಂಡನೆಯ ಕುಳಿ ಇರುವುದು ವಾಡಿಕೆಯ ಜೋಡಿ. ತೆಳುವಾದ ಆ ಜಾಗಕ್ಕೆ ಕೆಂಡದಂತಹ ಕಾವು ತಾಗಿಸಿದಾಗ ಮುಂಬದಿಯಲ್ಲಿ ಒಂದು ನೆಟ್ಟನೆಯ ಬಿರುಕೂ ಅದರಿಂದ ಅಡ್ಡಕ್ಕೆ ಹೊರಟ ಒಂದು ಕವಲೂ ಮೂಡುತ್ತಿದ್ದವು. ಕುಳಿಯ ಆಕಾರವೇ ಬಿರುಕಿನ ದಿಕ್ಕನ್ನು ಬಹುಮಟ್ಟಿಗೆ ನಿಶ್ಚಯಿಸುತ್ತಿದ್ದುದರಿಂದ ದೈವದ ಉತ್ತರಕ್ಕೆ ಬಿಟ್ಟ ಅವಕಾಶ ನಾವು ಭಾವಿಸುವಷ್ಟು ವಿಶಾಲವಾಗಿರಲಿಲ್ಲ ಎಂಬುದನ್ನು ಗಮನಿಸಬೇಕು. ಆಮೆಚಿಪ್ಪಿನಲ್ಲಿ ಕವಲುಗಳು ನಡುಗೆರೆಯ ಕಡೆಗೆ ಮುಖಮಾಡಿರುತ್ತವೆ. ಬಿರುಕುಗಳ ಪಕ್ಕದಲ್ಲಿ ಕಾಣುವ ಸಣ್ಣ ಅಂಕಿಗಳು ಒಂದೇ ವಿಷಯವನ್ನು ಎಷ್ಟನೆಯ ಸಲ ಕೇಳಲಾಯಿತು ಎಂಬುದನ್ನು ಹೇಳುತ್ತವೆ. ಬರಹ ಕೊರೆದದ್ದು ಇಷ್ಟೆಲ್ಲ ಮುಗಿದ ಮೇಲೆ. ಹಾಗಾಗಿ ಅದು ದೇವರಿಗೆ ಬರೆದ ಓಲೆಯಲ್ಲ, ನಡೆದುದರ ದಾಖಲೆ.

ಇನ್ನು ದಿನದ ಲೆಕ್ಕ. ಶಾಂಗ್ ಜನ ದಿನಗಳನ್ನು ಅರವತ್ತರ ಚಕ್ರದಲ್ಲಿ ಹೆಸರಿಸುತ್ತಿದ್ದರು. ಪ್ರಭವ ವಿಭವಾದಿ ಅರವತ್ತು ಸಂವತ್ಸರಗಳ ಪರಿಚಯವಿರುವ ನಮಗೆ ಇದು ಕಷ್ಟವೇನಲ್ಲ. ಅಲ್ಲಿ ವರ್ಷಕ್ಕೆ ಬದಲು ದಿನ, ಅಷ್ಟೆ. ಜಿಯಾ, ಯಿ, ಬಿಂಗ್, ಡಿಂಗ್, ವು, ಜಿ, ಗೆಂಗ್, ಶಿನ್, ರೆನ್, ಗುಯ್ ಎಂಬ ಹತ್ತು ಹೆಸರುಗಳನ್ನು ಒಂದು ಸಾಲಿನಲ್ಲೂ, ಜಿ, ಚೌ, ಯಿನ್, ಮಾವೊ, ಚೆನ್, ಸಿ, ವು, ವೆಯ್, ಶೆನ್, ಯೌ, ಶು, ಹಾಯ್ ಎಂಬ ಹನ್ನೆರಡನ್ನು ಇನ್ನೊಂದು ಸಾಲಿನಲ್ಲೂ ಬರೆದು, ಎರಡರಲ್ಲೂ ಒಮ್ಮೆಗೆ ಒಂದೊಂದು ಹೆಜ್ಜೆ ಮುಂದೆ ಸಾಗಿದರೆ ಜಿಯಾಜಿಯಿಂದ ಗುಯ್‌ಹಾಯ್‌ವರೆಗೆ ಅರವತ್ತು ಜೋಡಿಗಳಾಗುತ್ತವೆ. ಈ ಪಟ್ಟಿಯನ್ನು ಕೈಯಾರೆ ಬರೆದುಕೊಳ್ಳಿ. ಶಾಂಗ್ ಲಿಪಿಕಾರರೂ ಅದನ್ನು ಮೂಳೆಯ ಮೇಲೆ ಕೊರೆದುಕೊಂಡಿದ್ದರು; ಅಂತಹ ಪಟ್ಟಿಗಳು ಉಳಿದಿವೆ.

ಈಗ ಬರಹಕ್ಕೆ ಬರೋಣ. ಅಕ್ಷರಗಳು ಮೇಲಿನಿಂದ ಕೆಳಕ್ಕೆ ಸಾಗುತ್ತವೆ, ಆದರೆ ಸಾಲುಗಳು ಎಡಕ್ಕೂ ಹೋಗಬಹುದು, ಬಲಕ್ಕೂ ಹೋಗಬಹುದು. ಪೂರ್ಣವಾದ ಒಂದು ದಾಖಲೆಯಲ್ಲಿ ನಾಲ್ಕು ಭಾಗಗಳಿರುತ್ತವೆ: ದಿನವನ್ನೂ ಪ್ರಶ್ನಕಾರನ ಹೆಸರನ್ನೂ ಹೇಳುವ ಪೀಠಿಕೆ, ಮೂಳೆಯ ಮುಂದಿಟ್ಟ ಅರಿಕೆ, ಅರಸನು ಬಿರುಕು ನೋಡಿ ಆಡಿದ ಫಲನುಡಿ, ಕೊನೆಗೆ ನಿಜವಾಗಿ ಘಟಿಸಿದ್ದು. ಬಹುಪಾಲು ತುಂಡುಗಳಲ್ಲಿ ಮೊದಲಿನ ಎರಡೇ ಇರುತ್ತವೆ. ನಾಲ್ಕೂ ಇರುವ, ಕಲಿಕೆಗೆ ಹೇಳಿ ಮಾಡಿಸಿದಂತಹ ದಾಖಲೆಯೆಂದರೆ ಹೆಜಿ 14002. ಇದು 1936ರ ಗುಂಡಿಯಲ್ಲಿ ಸಿಕ್ಕ ಆಮೆಚಿಪ್ಪು. ವು ಡಿಂಗ್ ಅರಸನ ರಾಣಿ ಫು ಹಾವೊಳ ಹೆರಿಗೆಯನ್ನು ಕುರಿತದ್ದು. ಅದರ ಸಾರ ಹೀಗಿದೆ: ಜಿಯಾಶೆನ್ ದಿನ ಬಿರುಕು ಮೂಡಿಸಿ ಪ್ರಶ್ನಕಾರ ಚ್ಯುಎ ಅರಿಕೆ ಮಾಡಿದನು, ಫು ಹಾವೊಳ ಹೆರಿಗೆ ಒಳ್ಳೆಯದಾಗುತ್ತದೆ. ಅರಸನು ಬಿರುಕು ಓದಿ ನುಡಿದನು, ಡಿಂಗ್ ದಿನ ಹೆತ್ತರೆ ಒಳ್ಳೆಯದು, ಗೆಂಗ್ ದಿನ ಹೆತ್ತರೆ ಬಹಳ ಶುಭ. ಮೂವತ್ತೊಂದನೆಯ ದಿನ, ಜಿಯಾಯಿನ್‌ನಂದು, ಹೆತ್ತಳು. ಒಳ್ಳೆಯದಾಗಲಿಲ್ಲ, ಹೆಣ್ಣು.

ನಿಮ್ಮ ಪಟ್ಟಿಯನ್ನು ತೆಗೆದು ಎಣಿಸಿ ನೋಡಿ. ಜಿಯಾಶೆನ್ ಇಪ್ಪತ್ತೊಂದನೆಯ ದಿನ, ಜಿಯಾಯಿನ್ ಐವತ್ತೊಂದನೆಯದು. ನಮ್ಮ ಕಳೆಯುವ ಲೆಕ್ಕದಲ್ಲಿ ಅಂತರ ಮೂವತ್ತು. ಪ್ರಶ್ನೆ ಇಟ್ಟ ದಿನವನ್ನೂ ಸೇರಿಸಿ ಎಣಿಸುವುದು ಅವರ ಕ್ರಮವಾದ್ದರಿಂದ ಮೂವತ್ತೊಂದಾಗುತ್ತದೆ. ಮುಂದೆ, ಅರಸನ ಮಾತಿನ ಜಾಣತನವನ್ನು ಗಮನಿಸಿ. ಅವನು ಹೆಸರಿಸಿದ್ದು ಡಿಂಗ್ ಮತ್ತು ಗೆಂಗ್ ದಿನಗಳನ್ನು, ಅಂದರೆ ಹತ್ತರ ಸಾಲಿನ ಆ ಹೆಸರುಗಳಿಂದ ಆರಂಭವಾಗುವ ದಿನಗಳನ್ನು. ಮಗು ಹುಟ್ಟಿದ್ದು ಜಿಯಾ ದಿನ. ಫಲ ಕೆಟ್ಟಿತಾದರೂ ಅರಸನ ನುಡಿ ಸುಳ್ಳಾಗಲಿಲ್ಲ. ಘಟಿಸಿದ್ದನ್ನು ಬರೆದಿಟ್ಟ ದಾಖಲೆಗಳು ಅರಸನ ಮಾತನ್ನು ಎತ್ತಿಹಿಡಿಯುವ ಪರಿಯನ್ನು ಹಲವೆಡೆ ಕಾಣಬಹುದು, ಮತ್ತು ನನ್ನ ದೃಷ್ಟಿಯಲ್ಲಿ ಈ ಮೂಳೆಗಳ ಧಾರ್ಮಿಕ ಮಹತ್ತ್ವದ ಅರ್ಧಭಾಗ ಅಲ್ಲೇ ಇದೆ: ಕಾಣದ ಶಕ್ತಿಗಳ ಮಾತನ್ನು ಅರಿಯಬಲ್ಲವನು ಅರಸನೇ ಎಂಬುದು ಅವನ ಆಳ್ವಿಕೆಗೆ ಆಧಾರವಾಗಿತ್ತು. ಇದೇ ಚಿಪ್ಪಿನ ಎಡಬದಿಯನ್ನು ಬಿಡದೆ ಓದಬೇಕು. ಅಲ್ಲಿ ‘ಹೆರಿಗೆ ಒಳ್ಳೆಯದಾಗಲಿಕ್ಕಿಲ್ಲ’ ಎಂಬ ಪ್ರತಿ ಅರಿಕೆಯಿದೆ. ವು ಡಿಂಗ್‌ನ ಕಾಲದಲ್ಲಿ ಹೀಗೆ ಬಲಕ್ಕೆ ‘ಹೌದು’, ಎಡಕ್ಕೆ ‘ಇಲ್ಲ’ ಎಂದು ಜೋಡಿಯಾಗಿ ಇಡುವುದು ರೂಢಿ. ಅರಿಕೆಯನ್ನು ಪ್ರಶ್ನೆಯೆಂದು ಓದಬೇಕೋ, ಆಗಲಿ ಎಂಬ ಆಶಯದ ಹೇಳಿಕೆಯೆಂದು ಓದಬೇಕೋ ಎಂಬುದರಲ್ಲಿ ವಿದ್ವಾಂಸರಿಗೆ ಒಮ್ಮತವಿಲ್ಲ. ಆದ್ದರಿಂದ ಅನುವಾದದ ಕೊನೆಯಲ್ಲಿ ಪ್ರಶ್ನಾರ್ಥಕ ಚಿಹ್ನೆ ಕಂಡರೆ ಅದು ಅನುವಾದಕರ ನಿರ್ಧಾರವೆಂದು ತಿಳಿಯಿರಿ.

ಎರಡನೆಯ ಪಾಠಕ್ಕೆ ವು ಡಿಂಗ್‌ನ ಹಲ್ಲುನೋವನ್ನು ತೆಗೆದುಕೊಳ್ಳಬಹುದು. ಐದು ಆಮೆಚಿಪ್ಪುಗಳ ಒಂದು ಕಟ್ಟಿನಲ್ಲಿ, ಯುದ್ಧಕ್ಕೆ ಯಾವ ಸೇನಾನಿಯ ಜೊತೆ ಹೋಗಬೇಕೆಂಬ ವಿಚಾರದ ಪಕ್ಕದಲ್ಲೇ, ನೋಯುವ ಹಲ್ಲಿಗೆ ಕಾರಣ ‘ತಂದೆ ಯಿ’ ಇರಬಹುದೇ, ಇರಲಿಕ್ಕಿಲ್ಲವೇ ಎಂಬ ವಿಚಾರಣೆ ನಡೆದಿದೆ. ತಂದೆ ಯಿ ಎಂದರೆ ವು ಡಿಂಗ್‌ನ ಸ್ವಂತ ತಂದೆ, ತೀರಿಕೊಂಡ ಶಿಯಾವೊ ಯಿ ಅರಸ. ಇಂತಹ ದಾಖಲೆ ಎದುರಾದಾಗ ಕೆಡುಕು ಯಾವುದು, ಅದನ್ನು ಕಳುಹಿಸಿದವರು ಯಾರು, ಅವರನ್ನು ಒಲಿಸಲು ಏನನ್ನು ಕೊಡಲಾಯಿತು ಎಂದು ಬೇರೆಬೇರೆಯಾಗಿ ಗುರುತಿಸಿಕೊಳ್ಳಬೇಕು. ಕಳುಹಿಸಿದವರ ಸಾಲು ದೊಡ್ಡದು. ಮೇಲೆ ‘ಡಿ’ ಎಂಬ ಪರಮಶಕ್ತಿ. ಮಳೆ, ಗಾಳಿ, ಗುಡುಗು ಅದರ ಅಪ್ಪಣೆಯಲ್ಲಿವೆ. ಹಳದಿ ನದಿ, ಪರ್ವತ ಮೊದಲಾದ ನಿಸರ್ಗ ಶಕ್ತಿಗಳಿವೆ. ದಾಖಲೆಗಳಲ್ಲಿ ಅತಿ ಹೆಚ್ಚಾಗಿ ಕಾಣುವವರು ಮಾತ್ರ ಪಿತೃಗಳು, ರಾಜವಂಶದ ಅಜ್ಜಿಯರೂ ಸೇರಿದಂತೆ. ಪ್ರತಿಯೊಬ್ಬ ಪಿತೃವಿಗೂ ಹತ್ತು ದಿನಗಳ ಹೆಸರಿನಲ್ಲಿ ಒಂದು ಅಂಟಿಕೊಂಡಿರುತ್ತದೆ, ಪೂಜೆಯೂ ಸಾಮಾನ್ಯವಾಗಿ ಆ ಹೆಸರಿನ ದಿನವೇ. ತಂದೆ ಯಿಗೆ ಯಿ ದಿನ, ಅಜ್ಜ ಡಿಂಗ್‌ಗೆ ಡಿಂಗ್ ದಿನ. ವಿಚಿತ್ರವೆಂದರೆ, ಎಲ್ಲಕ್ಕಿಂತ ದೊಡ್ಡದಾದ ಡಿಗೆ ನೇರವಾಗಿ ಬಲಿ ಕೊಟ್ಟ ದಾಖಲೆ ಇಲ್ಲವೆನ್ನುವಷ್ಟು ವಿರಳ. ಹೆಜಿ 1402ರಲ್ಲಿ ಇದಕ್ಕೆ ಒಂದು ಸುಳಿವಿದೆ: ಸತ್ತ ಅರಸ ಡಾ ಜಿಯಾ ತನಗಿಂತ ಹಿರಿಯನಾದ ಶಿಯಾನ್‌ನಲ್ಲಿ ಅತಿಥಿಯಾಗುವನೇ, ಶಿಯಾನ್ ಡಿಯಲ್ಲಿ ಅತಿಥಿಯಾಗುವನೇ ಎಂದು ಅಲ್ಲಿ ವಿಚಾರಿಸಲಾಗಿದೆ. ಕಿರಿಯ ಪಿತೃವಿನಿಂದ ಹಿರಿಯನಿಗೆ, ಹಿರಿಯನಿಂದ ಡಿಗೆ, ಹೀಗೆ ಮೆಟ್ಟಿಲು ಮೆಟ್ಟಿಲಾಗಿ ಬಿನ್ನಹ ಏರುತ್ತಿತ್ತೆಂದು ಊಹಿಸಲು ಇದು ಎಡೆಕೊಡುತ್ತದೆ.

ಕೊಟ್ಟದ್ದರ ಪಟ್ಟಿಯನ್ನು ಓದುವಾಗ ಕಣ್ಣು ತಪ್ಪಿಸಬಾರದು. ದನ, ಕುರಿ, ಹಂದಿ, ನಾಯಿಗಳ ಜೊತೆಗೆ ಮನುಷ್ಯರೂ, ಅದರಲ್ಲೂ ಪಶ್ಚಿಮದಿಂದ ಸೆರೆತಂದ ಚಿಯಾಂಗ್ ಜನರು, ಅದೇ ವಾಕ್ಯದಲ್ಲಿ ಅದೇ ರೀತಿಯ ಎಣಿಕೆಯೊಂದಿಗೆ ಬರುತ್ತಾರೆ. ಇಷ್ಟು ಕೊಟ್ಟರೆ ಸಾಕೇ, ಇನ್ನಷ್ಟು ಬೇಕೇ ಎಂದು ಸಂಖ್ಯೆಯನ್ನು ಏರಿಸುತ್ತ ಕೇಳಿದ ಸಾಲುಗಳೂ ಇವೆ. ಇದು ಬರಹದ ಉತ್ಪ್ರೇಕ್ಷೆಯಲ್ಲ. ಆನ್ಯಾಂಗ್ ಬಳಿಯ ಶಿಬೆಯ್‌ಗಾಂಗ್‌ನ ರಾಜ ಸ್ಮಶಾನದಲ್ಲಿ ಸಾಲುಸಾಲಾದ ಬಲಿಗುಂಡಿಗಳು ಅಗೆತದಲ್ಲಿ ಸಿಕ್ಕಿವೆ, ಮತ್ತು 1976ರಲ್ಲಿ ತೆರೆದ ಫು ಹಾವೊಳ ಸ್ವಂತ ಗೋರಿಯಲ್ಲಿ 468 ಕಂಚಿನ ವಸ್ತುಗಳು, 755 ಜೇಡ್ ವಸ್ತುಗಳ ಜೊತೆ ಹದಿನಾರು ಮಂದಿಯ ಅಸ್ಥಿಗಳಿದ್ದವು.

ತುಂಡು ಯಾವ ಅರಸನ ಕಾಲದ್ದು ಎಂಬುದನ್ನೂ ಗುರುತಿಸಬೇಕು. ಪ್ರಶ್ನಕಾರರ ಹೆಸರು, ಪಿತೃಗಳನ್ನು ಕರೆಯುವ ರೀತಿ, ಅಕ್ಷರದ ವರಸೆ ಮೊದಲಾದವುಗಳ ಆಧಾರದ ಮೇಲೆ ವಿದ್ವಾಂಸ ಡಾಂಗ್ ಜುವೊಬಿನ್ 1933ರಲ್ಲಿ ಐದು ಕಾಲಘಟ್ಟಗಳನ್ನು ವಿಂಗಡಿಸಿದರು. ನಂತರ ತಿದ್ದುಪಡಿಗಳಾದರೂ ಹೊಸಬರಿಗೆ ಅದು ಈಗಲೂ ಉಪಯುಕ್ತ. ಕಾಲ ಗುರುತಿಸದೆ ಎಲ್ಲ ಮೂಳೆಗಳನ್ನೂ ಒಂದೇ ರಾಶಿಯಾಗಿ ಓದಿದರೆ ದೊಡ್ಡ ಬದಲಾವಣೆಯೊಂದು ಕಾಣದೇ ಹೋಗುತ್ತದೆ. ಮೊದಲ ಕಾಲಘಟ್ಟದ ವು ಡಿಂಗ್ ಮಳೆ, ಬೆಳೆ, ಯುದ್ಧ, ಕನಸು, ಕಾಯಿಲೆ ಎಲ್ಲವನ್ನೂ ಕೇಳುತ್ತಾನೆ, ಕೆಟ್ಟ ಫಲವನ್ನೂ ನುಡಿಯುತ್ತಾನೆ. ಕೊನೆಯ ಅರಸರ ಕಾಲಕ್ಕೆ ವಿಷಯಗಳು ಕುಗ್ಗಿ, ಪ್ರತಿ ಗುಯ್ ದಿನ ‘ಮುಂದಿನ ಹತ್ತು ದಿನ ಕೇಡಿಲ್ಲ’ ಎಂಬ ಅರಿಕೆ, ಅದಕ್ಕೆ ‘ಶುಭ’ ಎಂಬ ಅರಸನ ನುಡಿ, ಇಷ್ಟೇ ಮತ್ತೆ ಮತ್ತೆ ಬರುತ್ತದೆ. ಪಿತೃಪೂಜೆಯೂ ಐದು ವಿಧಿಗಳ ನಿಗದಿತ ಸರಣಿಯಾಗಿ, 36 ಅಥವಾ 37 ಹತ್ತು-ದಿನಗಳ ಅವಧಿಗಳಲ್ಲಿ, ಅಂದರೆ ಸುಮಾರು ಒಂದು ವರ್ಷದಲ್ಲಿ, ಒಂದು ಸುತ್ತು ಮುಗಿಯುವಂತೆ ವ್ಯವಸ್ಥೆಗೊಂಡಿತು. ಹತ್ತು ದಿನಕ್ಕೊಮ್ಮೆಯ ಈ ಅರಿಕೆಗಳು ಹೆಗಲ ಮೂಳೆಯ ಮೇಲಿದ್ದರೆ ಕೆಳಗಿನ ದಾಖಲೆಯಿಂದ ಮೇಲಿನದರ ಕಡೆಗೆ ಓದಬೇಕು. ಗುಯ್ ದಿನಗಳು ಪಟ್ಟಿಯ ಪ್ರಕಾರ ಹತ್ತು ಹತ್ತರಂತೆ ಮುಂದುವರಿದರೆ ನಿಮ್ಮ ಓದು ಸರಿಯಿದೆ ಎಂದರ್ಥ.

ಈ ಮೂಳೆಗಳು ಬಹುಪಾಲು ಅರಮನೆಯವು. 1991ರಲ್ಲಿ ಆನ್ಯಾಂಗ್‌ನ ಹುವಾಯುವಾನ್‌ಝುವಾಂಗ್ ಪೂರ್ವ ಎಂಬ ನೆಲೆಯಲ್ಲಿ ಸಿಕ್ಕ ಸಂಗ್ರಹ ಅರಸನದಲ್ಲ, ರಾಜಕುಟುಂಬದ ಒಬ್ಬ ಕುಮಾರನದು. ಅಲ್ಲಿಗೂ ನಾವು ಅರಮನೆಯ ಬಳಗವನ್ನು ದಾಟಿದಂತಾಗಲಿಲ್ಲ. ಹೊಲದಲ್ಲಿ ರಾಗಿಯಂತಹ ಕಿರುಧಾನ್ಯ ಬೆಳೆದವರ ದೇವರುಗಳ ಬಗ್ಗೆ ಇವುಗಳಿಂದ ತೀರ್ಮಾನ ಹೊರಡಿಸಬಾರದು.

ಶಾಂಗ್ ದಾಖಲೆಗಳು ಕೈಗೆ ಒಗ್ಗಿದ ಮೇಲೆ, ಶಾಂಗ್ ರಾಜ್ಯವನ್ನು ಉರುಳಿಸಿದ ಝೌ ಜನರ ನೆಲವಾದ ಶಾನ್‌ಷಿ ಪ್ರಾಂತ್ಯದ ಫೆಂಗ್‌ಚುವಿನಲ್ಲಿ 1977ರಲ್ಲಿ ದೊರೆತ ಚಿಪ್ಪುಗಳನ್ನು ಪಕ್ಕದಲ್ಲಿಟ್ಟು ನೋಡಿ. ಅಲ್ಲಿನ ಕುಳಿಗಳು ಚೌಕ, ಅಕ್ಷರಗಳು ಭೂತಗನ್ನಡಿ ಬೇಕಾಗುವಷ್ಟು ಸಣ್ಣವು. ಎಚ್11:1 ಎಂಬ ಗುರುತಿನ ತುಂಡಿನಲ್ಲಿ ಶಾಂಗ್ ಅರಸ ಡಿ ಯಿಯ ಗುಡಿಯೂ ಶಾಂಗ್ ರಾಜವಂಶದ ಸ್ಥಾಪಕ ತಾಂಗ್‌ಗೆ ಸಲ್ಲುವ ಬಲಿಯೂ ಉಲ್ಲೇಖಗೊಂಡಿವೆ. ಆ ಬಲಿ ಕೊಡುತ್ತಿರುವ ಅರಸ ಶಾಂಗ್‌ನವನೋ ಝೌನವನೋ ಎಂಬ ವಾದ ಇಂದಿಗೂ ಮುಗಿದಿಲ್ಲ.