ಇಪ್ಪತ್ತು ನಿಮಿಷ ಸುಮ್ಮನೆ ಕೂರುವುದು

ತಲೆ ಹಗುರಾಗಲಿ ಅಂತ ಭಾನುವಾರ ಮುಳ್ಳಯ್ಯನಗಿರಿಗೆ ಗಾಡಿ ಹತ್ತಿಸುವುದೇ ಮೊದಲ ತಪ್ಪು. 1,930 ಮೀಟರ್ ಎತ್ತರದಲ್ಲೂ ಹಾರ್ನು, ಪಾರ್ಕಿಂಗ್ ಜಗಳ ಬಿಡುವುದಿಲ್ಲ. ಮನೆಯಿಂದ ಹದಿನೈದು ನಿಮಿಷದಲ್ಲಿ ತಲುಪುವ ತೋಟದ ಅಂಚೋ, ಕೆರೆ ಏರಿಯೋ, ಹಳ್ಳದ ದಡವೋ ಸಾಕು. ಅದಕ್ಕಿಂತ ದೂರವಾದರೆ ಎರಡನೇ ವಾರಕ್ಕೇ ನೆಪ ಹುಟ್ಟುತ್ತದೆ. ಬೇರೆಯವರ ತೋಟವಾದರೆ ಒಂದು ಮಾತು ಕೇಳಿಯೇ ಹೋಗಬೇಕು. ಬೋರ್ಡೋ (ಕೊಳೆರೋಗದ ಔಷಧಿ) ಹೊಡೆಯುವಾಗ, ಹಣ್ಣು ಕುಯ್ಯುವಾಗ ಆ ಕಡೆ ಬೇಡ.

ಇಂಗ್ಲೆಂಡಿನ ಸುಮಾರು 20,000 ಜನರ ಮಾಹಿತಿ ಜಾಲಾಡಿದ 2019ರ ಅಧ್ಯಯನದಲ್ಲಿ, ವಾರಕ್ಕೆ 120 ನಿಮಿಷವಾದರೂ ಪ್ರಕೃತಿಯ ನಡುವೆ ಕಳೆದವರಲ್ಲಿ ಆರೋಗ್ಯ, ನೆಮ್ಮದಿ ಚೆನ್ನಾಗಿದೆ ಅಂದವರು ಹೆಚ್ಚು. ಒಂದೇ ಸಲ ಹೋದರೂ ಬಿಡಿಬಿಡಿಯಾಗಿ ಹೋದರೂ ಅಷ್ಟೇ. (ನೆಮ್ಮದಿ ಇದ್ದವರೇ ಹೊರಗೆ ಹೋಗುತ್ತಾರೋ ಏನೋ, ಅದನ್ನು ಆ ಅಧ್ಯಯನ ಇತ್ಯರ್ಥ ಮಾಡಿಲ್ಲ.) ನಾನು ಅದನ್ನು 40 ನಿಮಿಷದ ಮೂರು ಪಾಲು ಮಾಡಿಕೊಂಡಿದ್ದೇನೆ. ಹೋಗಲು 10, ಕೂರಲು 20, ಬರಲು 10. ನಡೆಯುವಾಗ ಬೆವರು ಬಂದರೆ ಅದು ವ್ಯಾಯಾಮ, ಇದಲ್ಲ.

ಕೂತ ಮೊದಲ ಏಳೆಂಟು ನಿಮಿಷವೇ ಕಷ್ಟ. ಕಾಲಿನ ಸದ್ದಿಗೆ ಹಕ್ಕಿಗಳು ಬಾಯಿ ಮುಚ್ಚಿಕೊಂಡಿರುತ್ತವೆ, ತಲೆಯೊಳಗೆ ಸೊಸೈಟಿ ಸಾಲದ ಕಂತು ಓಡುತ್ತಿರುತ್ತದೆ. ಬಹಳ ಜನ ಎದ್ದು ಹೋಗುವುದು ಇಲ್ಲೇ. ಇನ್ನಷ್ಟು ಹೊತ್ತು ಕೂತರೆ ಕುಟ್ರು ಹಕ್ಕಿ ಮತ್ತೆ ಶುರು ಮಾಡುತ್ತದೆ. ಸಿಲ್ವರ್ ಓಕ್‌ಗೆ ಹಬ್ಬಿದ ಮೆಣಸಿನ ಬಳ್ಳಿಯ ಎಲೆ ತುದಿಯಲ್ಲಿ ಮಳೆಹನಿ ದಪ್ಪಗಾಗಿ, ಕೆಳಗಿನ ಎಲೆಗೆ ಬಿದ್ದು, ಆ ಎಲೆ ಒಮ್ಮೆ ತಲೆಯಾಡಿಸುತ್ತದೆ. ಹೀಗೆ ತಾನಾಗಿ ಕಣ್ಣು ಸೆಳೆಯುವುದನ್ನು ನೋಡಲು ಪ್ರಯತ್ನ ಬೇಕಿಲ್ಲ. ದಿನವಿಡೀ ಬಲವಂತವಾಗಿ ಹಿಡಿದಿಟ್ಟು ದಣಿದ ಗಮನಕ್ಕೆ ಆಗ ಬಿಡುವು ಸಿಗುತ್ತದೆ ಎನ್ನುವುದು ಮನೋವಿಜ್ಞಾನಿಗಳಾದ ರೇಚಲ್ ಮತ್ತು ಸ್ಟೀಫನ್ ಕಪ್ಲಾನ್ ಅವರ ವಿವರಣೆ. ಫೋಟೊ ತೆಗೆಯಲು ಹೊರಟರೆ ಗಮನ ಮತ್ತೆ ದುಡಿಮೆಗೆ ಬಿತ್ತು. ಮೊಬೈಲಿಗೆ 20 ನಿಮಿಷದ ಅಲಾರಂ ಇಟ್ಟು ಚೀಲದ ತಳಕ್ಕೆ ಹಾಕಿಬಿಡುತ್ತೇನೆ.

ಕೂರಲು ಗೊಬ್ಬರದ ಖಾಲಿ ಚೀಲ ತೊಳೆದು ಮಡಚಿಟ್ಟಿದ್ದೇನೆ. ಅದನ್ನು ಹಾಸುವುದು ಬಂಡೆಯ ಮೇಲೆ, ತರಗೆಲೆಯ ಮೇಲಲ್ಲ. ಮಳೆಗಾಲದಲ್ಲಿ ತರಗೆಲೆಯಲ್ಲಿ ಇಂಬಳ (ರಕ್ತ ಹೀರುವ ಜಿಗಣೆ). ಪ್ಯಾಂಟನ್ನು ಕಾಲುಚೀಲದೊಳಗೆ ಸೇರಿಸಿ, ಮೇಲೆ ಹೊಗೆಸೊಪ್ಪಿನ ಪುಡಿ ಉಜ್ಜಿದರೆ ಅಷ್ಟಾಗಿ ಹತ್ತುವುದಿಲ್ಲ. ಕಚ್ಚಿದ್ದನ್ನು ಎಳೆಯಬೇಡಿ, ಬಾಯಿಯ ಬುಡಕ್ಕೆ ಉಗುರು ಸರಿಸಿ ಬಿಡಿಸಿ. ರಕ್ತ ಹೆಪ್ಪುಗಟ್ಟದಂತೆ ಅದು ಮಾಡಿರುವುದರಿಂದ ಸ್ವಲ್ಪ ಹೊತ್ತು ಒತ್ತಿ ಹಿಡಿಯಬೇಕು. ಬೇಸಗೆಯಲ್ಲಿ ಅದೇ ಎಲೆಯಲ್ಲಿ ಉಣುಗು (ಉಣ್ಣೆ). ಕೊಪ್ಪ, ನರಸಿಂಹರಾಜಪುರದ ಕಡೆ ಉಣುಗು ಕಚ್ಚಿ ಹರಡುವ ಮಂಗನ ಕಾಯಿಲೆ ಇರುವುದರಿಂದ, ಮಂಗ ಸತ್ತ ಸುದ್ದಿ ಬಂದರೆ ಆ ಕಾಡು ಬಿಟ್ಟುಬಿಡಿ. ವಾಪಸ್ ಬಂದ ಕೂಡಲೇ ಬಟ್ಟೆ ಬಿಸಿನೀರಿಗೆ ಹಾಕಿ ಸ್ನಾನ ಮಾಡಿ.

ಮೂಡಿಗೆರೆ, ಸಕಲೇಶಪುರ, ಆಲೂರು ಕಡೆಯವರು ಆನೆ ಸುದ್ದಿ ಕೇಳಿಯೇ ಹೊರಡಬೇಕು. ಮಬ್ಬುಗತ್ತಲಲ್ಲಂತೂ ಬೇಡವೇ ಬೇಡ. ಅಂಥ ದಿನ ನಾನು ಹಿತ್ತಲಿನ ಹಲಸಿನ ಮರ ಕಾಣುವ ಕಿಟಕಿಯ ಮುಂದೆ ಕುರ್ಚಿ ಹಾಕುತ್ತೇನೆ. ರೋಜರ್ ಉಲ್ರಿಚ್ 1984ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಪಿತ್ತಕೋಶದ ಆಪರೇಷನ್ ಆದವರ ಪೈಕಿ ಕಿಟಕಿಯಲ್ಲಿ ಮರ ಕಾಣುತ್ತಿದ್ದವರು, ಇಟ್ಟಿಗೆ ಗೋಡೆ ಕಾಣುತ್ತಿದ್ದವರಿಗಿಂತ ಬೇಗ ಮನೆಗೆ ಹೋಗಿದ್ದರು.