ಗ್ಯಾದರಿಂಗಿಗೆ ಪರ್ಸಿಯಸನ ಆಟ: ಧೋತರ, ಪರಾತ, ಹಾವಿನ ಜಡೆ

ಶಾಲೆಯ ಗ್ಯಾದರಿಂಗಿನಲ್ಲಿ ಗ್ರೀಕ್ ಪುರಾಣ ಆಡಿಸುವುದಿದ್ದರೆ ಪರ್ಸಿಯಸನ ಕಥೆಯನ್ನೇ ಹಿಡಿಯಿರಿ. ಟ್ರಾಯ್ ಯುದ್ಧಕ್ಕೆ ಮಕ್ಕಳು ಸಾಲುವುದಿಲ್ಲ, ಹೆರಾಕ್ಲೀಸನ ಹನ್ನೆರಡು ಸಾಹಸಗಳಿಗೆ ಹೊತ್ತು ಸಾಲುವುದಿಲ್ಲ. ಪರ್ಸಿಯಸನ ಆಟಕ್ಕೆ ಹದಿನೈದು ಮಕ್ಕಳು, ಇಪ್ಪತ್ತೈದು ನಿಮಿಷ ಸಾಕು. ಆಂಡ್ರೊಮಿಡಾಳ ಭಾಗವನ್ನು ಮಾತ್ರ ಕೈಬಿಡಿ. ಹಾವಿನ ಜಡೆಯ ರಾಕ್ಷಸಿ ಮೆಡೂಸಾಳನ್ನು ಪರ್ಸಿಯಸ್ ಕೊಂದ ಮೇಲೆ, ಆಂಡ್ರೊಮಿಡಾಳನ್ನು ನುಂಗಲು ಬರುವ ಸಮುದ್ರ ರಾಕ್ಷಸವೂ ಬಂದರೆ ಮೊದಲನೆಯದು ಸಪ್ಪೆಯಾಗುತ್ತದೆ.

ಆರಂಭದಲ್ಲೇ ಒಂದು ತೊಡಕು ಇದೆ. ಮೊಮ್ಮಗನ ಕೈಯಿಂದ ನಿನಗೆ ಸಾವು ಎಂಬ ದೈವವಾಣಿ ಕೇಳಿ ಆರ್ಗೋಸಿನ ಅರಸ ಅಕ್ರಿಸಿಯಸ್ ಮಗಳು ಡನಾಯಿಯನ್ನು ಕಂಚಿನ ಕೋಣೆಯಲ್ಲಿ ಕೂಡಿಹಾಕುತ್ತಾನೆ. ಇಷ್ಟು ಕೇಳಿದ ಕೂಡಲೇ ಬಾಗಲಕೋಟೆ, ವಿಜಯಪುರದ ಪ್ರೇಕ್ಷಕರು ಕಂಸನನ್ನು ಕಂಡುಬಿಡುತ್ತಾರೆ. ಅದನ್ನು ತಡೆಯಲು ಹೋಗಬೇಡಿ, ಬಳಸಿಕೊಳ್ಳಿ. ನಮ್ಮ ಶ್ರೀಕೃಷ್ಣ ಪಾರಿಜಾತ ಬಯಲಾಟದಲ್ಲಿರುವ ಹಾಗೆ ಒಬ್ಬ ಭಾಗವತ, ಒಬ್ಬಳು ದೂತಿ ಇರಲಿ. ದೂತಿ, "ಅಂದ್ರ ಇಂವಾ ಕಂಸನ ತಮ್ಮೇನ್ರೀ?" ಅಂತ ಕೇಳಲಿ; ಭಾಗವತ, "ಕಂಸ ಸ್ವಾದರಮಾವ, ಇಂವಾ ತಾಯಿ ತಂದಿ, ಮುತ್ಯಾ! ಮತ್ತ ಈ ಹುಡುಗಗ ಮುತ್ಯಾನ ಮ್ಯಾಲೆ ಸಿಟ್ಟs ಇಲ್ಲ" ಎನ್ನಲಿ. ಕೊನೆಯ ದೃಶ್ಯಕ್ಕೆ ಈ ಮಾತು ಬೇಕಾಗುತ್ತದೆ.

ಡನಾಯಿಯ ಕೋಣೆಗೆ ದೇವರಾಜ ಜ್ಯೂಸ್ ಇಳಿಯುವುದು ಚಿನ್ನದ ಮಳೆಯಾಗಿ; ಅವರ ಮಗನೇ ಪರ್ಸಿಯಸ್. ಆದ್ದರಿಂದ ಜ್ಯೂಸ್ ಪಾತ್ರಧಾರಿಯೇ ಬೇಡ. ಹಳದಿ ಮಿಂಚುಕಾಗದವನ್ನು ಕಡಲೆಕಾಳಿನಷ್ಟು ಚೂರು ಮಾಡಿ, ಮೇಲಿನಿಂದ ಜಲ್ಲಡಿಯಲ್ಲಿ ಅಲುಗಾಡಿಸಿ. ಕಾಲು ಕಿಲೋ ಸಾಕು. ಭಂಡಾರ (ಅರಿಸಿನ ಪುಡಿ) ಎರಚೋಣ ಅಂತ ಯಾರಾದರೂ ಹೇಳಿಯೇ ಹೇಳುತ್ತಾರೆ, ಒಪ್ಪಬೇಡಿ. ಡನಾಯಿಯ ಕಣ್ಣು ಉರಿಯುತ್ತದೆ, ಹಾಡುವವರಿಗೆ ಕೆಮ್ಮು ಬರುತ್ತದೆ, ಪ್ರೇಕ್ಷಕರಿಗೆ ಜಾತ್ರೆ ನೆನಪಾಗುತ್ತದೆ.

ಉಡುಪಿಗೆ ಹೊಸ ಬಟ್ಟೆ ಕೊಳ್ಳಬೇಕಿಲ್ಲ. ಗ್ರೀಕರ ಖಿಟೋನ್ ಎಂದರೆ ಎರಡೂ ಹೆಗಲ ಮೇಲೆ ಪಿನ್ ಹಾಕಿ ನಡು ಕಟ್ಟಿದ ಆಯತಾಕಾರದ ಬಟ್ಟೆ, ಅಷ್ಟೇ. ಹುಡುಗ ಎರಡೂ ಕೈ ಚಾಚಿ ನಿಂತಾಗ ಒಂದು ಮೊಣಕೈಯಿಂದ ಇನ್ನೊಂದು ಮೊಣಕೈವರೆಗೆ ಅಳೆದು ಎರಡು ಪಟ್ಟು ಮಾಡಿ. ಎಂಟು-ಒಂಬತ್ತನೇ ತರಗತಿಯವರಿಗೆ ಅದು ಸುಮಾರು 1.6 ಮೀಟರ್ ಆಗುತ್ತದೆ. ಹೀಗಾಗಿ ಮೂರೂವರೆ ಮೀಟರಿನ ಹಳೇ ಧೋತರದಲ್ಲಿ ಇಬ್ಬರು ಹುಡುಗರ ಉಡುಪು ಬರುತ್ತದೆ. ಒಂದೊಂದು ಹೆಗಲಿಗೆ ಎರಡು ದೊಡ್ಡ ಪಿನ್ ಹಾಕಿ. ಒಂದೇ ಹಾಕಿದರೆ ಕತ್ತಿ ಎತ್ತಿದಾಗ ಬಟ್ಟೆ ಹರಿಯುತ್ತದೆ. ನಡು ಕಟ್ಟಿದ ಮೇಲೆ ಬಟ್ಟೆಯನ್ನು ಮೇಲಕ್ಕೆ ಎಳೆದು ಪಟ್ಟಿಯ ಮೇಲೆ ಜೋತುಬಿಡಿ. ಪರ್ಸಿಯಸನ ಅಂಚು ಮೊಣಕಾಲಿನ ಮೇಲೇ ಇರಬೇಕು. ಅವನು ಹಿಂದೆ ಹಿಂದೆ ನಡೆಯಬೇಕಾದವನು, ಉದ್ದವಿದ್ದರೆ ತುಳಿದು ಬೀಳುತ್ತಾನೆ.

ಎಲ್ಲರಿಗೂ ಬಿಳಿ ಉಡಿಸುವುದು ಸಾಮಾನ್ಯ ತಪ್ಪು. ಇಂದು ಬೋಳು ಅಮೃತಶಿಲೆಯಾಗಿ ಕಾಣುವ ಮೂರ್ತಿಗಳಿಗೂ ಗ್ರೀಕರು ಬಣ್ಣ ಬಳಿಯುತ್ತಿದ್ದರು, ಬಟ್ಟೆಗೂ ಬಣ್ಣ ಹಾಕುತ್ತಿದ್ದರು. ಪರ್ಸಿಯಸನಿಗೆ ನೆರವಾಗುವ ದೇವತೆ ಅಥೀನಾ, ಡನಾಯಿ ಇಬ್ಬರಿಗೂ ಸೆರಗು ಹರಿದ ಇಳಕಲ್ ಸೀರೆಯ ಒಡಲು ಚೆನ್ನಾಗಿ ಒಪ್ಪುತ್ತದೆ. ಸೀರೆಯ ಅಗಲವೇ ಹೆಗಲಿನಿಂದ ಹಿಮ್ಮಡಿವರೆಗಿನ ಎತ್ತರವಾಗುತ್ತದೆ, ದಡಿ ಕೆಳಗೆ ಬರುತ್ತದೆ. ಗ್ರೀಕ್ ಹೆಂಗಸರ ಪೆಪ್ಲೋಸ್‌ನಲ್ಲಿ ಎದೆಯ ಮೇಲೆ ಒಂದು ಮಡಿಕೆ ಇಳಿಬಿದ್ದಿರುತ್ತದೆ. ಅದಕ್ಕೆ ಸೀರೆಯ ಅಗಲ ಸಾಲದು, ಗುಳೇದಗುಡ್ಡ ಖಣದ ತುಂಡನ್ನು ಮುಂದೊಂದು ಹಿಂದೊಂದು, ತಲಾ 40 ಸೆಂ.ಮೀ., ಹೆಗಲಿಗೆ ಹೊಲಿಗೆ ಹಾಕಿ ಇಳಿಬಿಡಿ. ಸೆರಗು ಮಾತ್ರ ಎಲ್ಲೂ ಕಾಣಬಾರದು. ಕಂಡರೆ ಅಥೀನಾ ಹೋಗಿ ಅಕ್ಕೋರು ಬಂದು ನಿಲ್ಲುತ್ತಾರೆ.

ದೇವತೆಗಳನ್ನು ಮಂದಿ ಗುರುತಿಸುವುದು ಮುಖದಿಂದಲ್ಲ, ಕೈಯಲ್ಲಿರುವ ವಸ್ತುವಿನಿಂದ. ಅಥೀನಾಗೆ ಹಣೆಯಿಂದ ಹಿಂದಕ್ಕೆ ಸರಿಸಿದ ಶಿರಸ್ತ್ರಾಣ, ಈಟಿ. ದೇವದೂತ ಹರ್ಮಿಸನಿಗೆ ಅಗಲ ಅಂಚಿನ ಟೋಪಿ, ಎರಡು ಹಾವು ಸುತ್ತಿದ ಕೋಲು, ರೆಕ್ಕೆಯ ಚಪ್ಪಲಿ. ಗೂಬೆ ಅಥೀನಾಳ ಪಕ್ಷಿ. ಆದರೆ ನಮ್ಮಲ್ಲಿ ಗೂಬೆ ಕಂಡರೆ ಸಭೆ ಗುಸುಗುಸು ಎನ್ನುತ್ತದೆ, ಅದನ್ನು ಬಿಟ್ಟರೂ ನಡೆದೀತು. ಹೆಸರುಗಳಲ್ಲಿ ರೋಮನ್ನರನ್ನು ಬೆರೆಸಬೇಡಿ: ಜ್ಯೂಸ್ ಎಂದಮೇಲೆ ಜುಪಿಟರ್ ಬರಕೂಡದು, ಅಥೀನಾ ಎಂದಮೇಲೆ ಮಿನರ್ವಾ ಬರಕೂಡದು.

ಈ ಆಟದ ಬಂಗಾರದ ದೃಶ್ಯ ಮೆಡೂಸಾಳದ್ದಲ್ಲ, ಗ್ರಾಯಿಯರದ್ದು. ಮೂವರು ಮುದುಕಿಯರು, ಮೂವರಿಗೂ ಸೇರಿ ಒಂದೇ ಕಣ್ಣು, ಒಂದೇ ಹಲ್ಲು. ಒಬ್ಬಳಿಂದ ಇನ್ನೊಬ್ಬಳಿಗೆ ಕಣ್ಣು ಕೈಬದಲಾಗುವಾಗ ಪರ್ಸಿಯಸ್ ಕಸಿದುಕೊಂಡು, ಮೆಡೂಸಾಳಿದ್ದಲ್ಲಿಗೆ ಹೋಗುವ ದಾರಿ ಹೇಳುವತನಕ ಕೊಡುವುದಿಲ್ಲ. ಇದಕ್ಕೆ ಐದು ನಿಮಿಷ ಕೊಡಿ, ನಗಿಸಬಲ್ಲ ಹುಡುಗಿಯರನ್ನೇ ಹಾಕಿ. "ಏ ಯಕ್ಕಾ, ಕಣ್ ಕೊಡ, ಯಾರೋ ಬಂದಂಗಾತು!" "ತಡಿಯವಾ, ನಾನs ಇನ್ನ ನೋಡಿಲ್ಲ!" ಕಣ್ಣಿಗೆ ಪ್ಲಾಸ್ಟಿಕ್ ಚೆಂಡು ಬೇಡ, ಕೈಜಾರಿದರೆ ಉರುಳಿ ಪ್ರೇಕ್ಷಕರ ಕಾಲಡಿಗೆ ಹೋಗುತ್ತದೆ. ಚಿಂದಿ ಬಟ್ಟೆಯ ಉಂಡೆಗೆ ಬಿಳಿ ಬಟ್ಟೆ ಹೊಲಿದು ಕಪ್ಪು ಬೊಟ್ಟು ಇಡಿ.

ಮುಖವಾಡ ಮೆಡೂಸಾಳಿಗೆ ಮಾತ್ರ. ಒಂದು ಬಟ್ಟಲು ಮೈದಾಕ್ಕೆ ನಾಲ್ಕು ಬಟ್ಟಲು ನೀರು ಹಾಕಿ, ಗಂಟಿಲ್ಲದಂತೆ ಕುದಿಸಿ ಅಂಟು ಮಾಡಿ. ಹುಳ ಹಿಡಿಯಬಾರದೆಂದು ಪುಸ್ತಕ ಕಟ್ಟುವವರು ಅಂಟಿಗೆ ಮೈಲುತುತ್ತ ಹಾಕುತ್ತಾರೆ. ಮಗುವಿನ ಬಾಯಿ-ಮೂಗಿಗೆ ತಾಗುವ ವಸ್ತುವಿಗೆ ಆ ವಿಷ ಸಲ್ಲದು. ಎಣ್ಣೆ ಸವರಿದ ಪ್ಲಾಸ್ಟಿಕ್ ಬುಟ್ಟಿಯ ಮೇಲೆ ಎರಡು ಬೆರಳಗಲದ ಪೇಪರ್ ಪಟ್ಟಿಗಳನ್ನು ಆರು ಪದರ ಅಂಟಿಸಿ. ಎರಡು ಪದರಕ್ಕೊಮ್ಮೆ ಪೂರ್ತಿ ಒಣಗಲು ಬಿಡಿ, ಇಲ್ಲವಾದರೆ ಮೇಲೆ ಗಟ್ಟಿ, ಒಳಗೆ ಹಸಿ ಉಳಿದು ಬೂಸ್ಟು ಬರುತ್ತದೆ. ಬಾಯಿಯ ತೂತು ದೊಡ್ಡದಿರಲಿ, ಧ್ವನಿ ಹೊರಬರಬೇಕು. ಜಡೆಗೆ ಒಂದು ಗೇಣಿನ ಹಗ್ಗದ ಹನ್ನೆರಡು ತುಂಡು. ಒಳಗೆ ಬೈಂಡಿಂಗ್ ತಂತಿ ಸೇರಿಸಿದರೆ ಹೇಗೆ ಬಾಗಿಸಿದರೂ ನಿಲ್ಲುತ್ತವೆ. ತಂತಿಯ ತುದಿ ಮಡಚಿ ಟೇಪ್ ಸುತ್ತುವುದನ್ನು ಮರೆಯಬೇಡಿ. ಕತ್ತರಿಸಿದ ತಲೆಯೆಂದು ತೋರಿಸಲು ಇದೇ ಮುಖವಾಡ ಸಾಕು, ಇನ್ನೊಂದು ಮಾಡಬೇಕಿಲ್ಲ.

ಮೆಡೂಸಾಳನ್ನು ನೇರ ನೋಡಿದವರು ಕಲ್ಲಾಗುವುದರಿಂದ ಪರ್ಸಿಯಸ್ ಗುರಾಣಿಯ ಪ್ರತಿಬಿಂಬ ನೋಡುತ್ತಾ ಹಿಂದೆ ಹಿಂದೆ ಹೋಗುತ್ತಾನೆ. ಗುರಾಣಿಗೆ ಸ್ಟೀಲಿನ ಪರಾತವನ್ನೇ (ಅಗಲ ತಟ್ಟೆ) ಕೊಡಿ, ಗಾಜಿನ ಕನ್ನಡಿ ಬೇಡವೇ ಬೇಡ. ಪರಾತದ ಮೇಲಂಚು ತುಸು ಮುಂದಕ್ಕೆ ಬಾಗಿರಲಿ, ಇಲ್ಲದಿದ್ದರೆ ಫೋಕಸ್ ಲೈಟು ಮುಂದಿನ ಸಾಲಿನವರ ಕಣ್ಣಿಗೇ ಹೊಡೆಯುತ್ತದೆ. ಅವನ ಆಯುಧ ಕುಡಗೋಲಿನಂತೆ ಬಾಗಿದ ಹಾರ್ಪೆ. ಹುಡುಗರು ಮನೆಯಿಂದ ನಿಜವಾದ ಕುಡಗೋಲನ್ನೇ ತಂದಾರು, ಗೇಟಿನಲ್ಲೇ ಇಸಿದುಕೊಳ್ಳಿ. ದಪ್ಪ ರಟ್ಟಿನದು ಸಾಕು. ಕೊಲ್ಲುವುದನ್ನು ರಂಗದ ಮೇಲೆ ತೋರಿಸಬೇಡಿ. ಗ್ರೀಕ್ ನಾಟಕದಲ್ಲೂ ಸಾವು ಸಾಮಾನ್ಯವಾಗಿ ತೆರೆಮರೆಯಲ್ಲೇ ನಡೆದು, ದೂತನೊಬ್ಬ ಬಂದು ಹೇಳುತ್ತಿದ್ದ. ಆ ಕೆಲಸಕ್ಕೆ ನಮ್ಮ ದೂತಿ ಇದ್ದೇ ಇದ್ದಾಳೆ.

ಮೆಡೂಸಾಳ ತಲೆ ತರಲು ಪರ್ಸಿಯಸನನ್ನು ಅಟ್ಟಿದ ದುಷ್ಟ ಅರಸ ಪಾಲಿಡೆಕ್ಟೀಸನ ಸಭೆ ಆ ತಲೆ ಕಂಡು ಕಲ್ಲಾಗುವಾಗ ಮಕ್ಕಳು ನಕ್ಕುಬಿಡುತ್ತಾರೆ. ಎರಡೂ ಪಾದ ಊರಿದ, ಕೈ ಹೆಗಲಿಗಿಂತ ಮೇಲೇಳದ ಭಂಗಿ ಕೊಡಿ, ಪ್ರೇಕ್ಷಕರ ತಲೆಯ ಮೇಲಿನ ಒಂದು ಗುರುತು ನೋಡಲು ಹೇಳಿ. ಹತ್ತು ಎಣಿಸುವಷ್ಟರಲ್ಲಿ ದೀಪ ಆರಿಸಿ.

ಕೊನೆಗೆ ಲಾರಿಸ್ಸಾದ ಕ್ರೀಡೆಯಲ್ಲಿ ಪರ್ಸಿಯಸ್ ಎಸೆದ ಚಕ್ರ ಪ್ರೇಕ್ಷಕರ ನಡುವೆ ಕೂತ ಅಕ್ರಿಸಿಯಸನಿಗೆ ಬಡಿಯುತ್ತದೆ, ಅವನು ಸಾಯುತ್ತಾನೆ. ಅಕ್ರಿಸಿಯಸನ ಹುಡುಗನನ್ನು ಹಿಂದಿನ ದೃಶ್ಯ ನಡೆಯುವಾಗಲೇ ಶಾಲು ಹೊದಿಸಿ ಮೊದಲ ಸಾಲಿನ ಕುರ್ಚಿಯಲ್ಲಿ ಕೂರಿಸಿಬಿಡಿ. ಚಕ್ರವನ್ನು ಎಸೆಯಿಸಬೇಡಿ, ಪರ್ಸಿಯಸ್ ತಿರುಗಿ ಕೈ ಬೀಸಿದಾಗ ತೆರೆಮರೆಯಲ್ಲಿ ಜಾಗಟೆಯ ಒಂದೇ ಹೊಡೆತ ಬೀಳಲಿ, ಅದೇ ಕ್ಷಣ ಮುತ್ಯಾ ಕುರ್ಚಿಯಿಂದ ಜಾರಲಿ. ಜಾಗಟೆ ಹೊಡೆಯುವವನು ಪರ್ಸಿಯಸನ ಕೈಯನ್ನು ನೋಡುವ ಜಾಗದಲ್ಲೇ ನಿಂತಿರಬೇಕು, ಮತ್ತು ಪಕ್ಕದ ಕುರ್ಚಿಗಳಲ್ಲಿ ಕೂರುವ ಅತಿಥಿಗಳಿಗೆ ಮೊದಲೇ ಒಂದು ಮಾತು ಹೇಳಿಡಿ, ಇಲ್ಲವೆಂದರೆ ಅವರು ನೀರು ತರಲು ಓಡುತ್ತಾರೆ.