ಹಿಂಬರಹವೇ ಪ್ರಕರಣದ ಬುನಾದಿ: ಅನುದಾನಿತ ಶಾಲೆಯ ಸಂಬಳ ಬಾಕಿಗೆ ನಾನು ಕಡತ ಕಟ್ಟುವ ಬಗೆ

ಅನುದಾನಿತ ಶಾಲೆಯ, ಅಂದರೆ ಸರ್ಕಾರ ಸಂಬಳ ಕೊಡುವ ಖಾಸಗಿ ಶಾಲೆಯ, ಶಿಕ್ಷಕರೊಬ್ಬರು ಸಂಬಳ ನಿಂತಿದೆ ಎಂದು ಬಂದರೆ, ಬಿಲ್ಲು ಯಾರ ಮೇಜಿನಲ್ಲಿ ನಿಂತಿದೆ ಎಂಬುದನ್ನು ಮೊದಲು ಪತ್ತೆ ಮಾಡುತ್ತೇನೆ. ಮುಖ್ಯಶಿಕ್ಷಕರು ಬಿಲ್ಲನ್ನೇ ಕಳಿಸಿಲ್ಲವೇ? ಆಡಳಿತ ಮಂಡಳಿಯಲ್ಲಿ ಎರಡು ಬಣವಾಗಿ, ಯಾರ ಸಹಿ ನಡೆಯುತ್ತದೆ ಎಂಬ ಜಗಳವೇ? ಬಿಇಒ (ಕ್ಷೇತ್ರ ಶಿಕ್ಷಣಾಧಿಕಾರಿ) ಕಚೇರಿ ಆಕ್ಷೇಪಣೆ ಹಾಕಿ ಹಿಂದಿರುಗಿಸಿದೆಯೇ? ನೇಮಕಾತಿಗೆ ಅನುಮೋದನೆಯೇ ಸಿಕ್ಕಿಲ್ಲವೇ? ಮಕ್ಕಳ ಸಂಖ್ಯೆ ಇಳಿದು ಹುದ್ದೆಯನ್ನು ಹೆಚ್ಚುವರಿ ಎಂದು ತೋರಿಸಿದ್ದಾರೆಯೇ? ಇದು ಗೊತ್ತಾಗದೆ ಹಾಕಿದ ಅರ್ಜಿಗೆ ಇಲಾಖೆ ಮಂಡಳಿಯತ್ತ ಬೆರಳು ತೋರಿಸುತ್ತದೆ, ಮಂಡಳಿ ಇಲಾಖೆಯತ್ತ.

ನಿಜವಾದ ಕಾರಣ ಸಿಗುವುದು ಅಧಿಕಾರಿಗಳು ಅಭಿಪ್ರಾಯ ಬರೆಯುವ ಕಡತದ ಟಿಪ್ಪಣಿ ಹಾಳೆಯಲ್ಲಿ. ಅದಕ್ಕೆ ಮಾಹಿತಿ ಹಕ್ಕಿನ ಅರ್ಜಿ ಹಾಕಿಸುತ್ತೇನೆ. ಶುಲ್ಕ 10 ರೂಪಾಯಿ. ಕರ್ನಾಟಕದ ನಿಯಮದಂತೆ ಅರ್ಜಿ 150 ಪದ ಮೀರಬಾರದು, ಒಂದೇ ವಿಷಯ ಇರಬೇಕು. ‘ಸಂಬಳ ಏಕೆ ಕೊಟ್ಟಿಲ್ಲ’ ಎಂದು ಕೇಳಿದರೆ ಅದು ಮಾಹಿತಿಯಲ್ಲ ಎಂದು ತಳ್ಳಿಹಾಕುತ್ತಾರೆ. ‘ಇಂಥ ಕಡತದ ಟಿಪ್ಪಣಿ ಹಾಳೆ ಮತ್ತು ಪತ್ರವ್ಯವಹಾರದ ದೃಢೀಕೃತ ಪ್ರತಿ’ ಎಂದೇ ಕೇಳಬೇಕು. 30 ದಿನದಲ್ಲಿ ಉತ್ತರ ಬರದಿದ್ದರೆ ಮೊದಲ ಮೇಲ್ಮನವಿ.

ಜತೆಜತೆಗೇ ಮನವಿ ಹೋಗಬೇಕು: ಮಂಡಳಿಯ ಕಾರ್ಯದರ್ಶಿ, ಬಿಇಒ, ಶಿಕ್ಷಣ ಇಲಾಖೆಯ ಜಿಲ್ಲಾ ಉಪನಿರ್ದೇಶಕರು, ಮೂವರಿಗೂ. ಒಂದೂವರೆ ಪುಟ ಸಾಕು. ಅದಕ್ಕೆ ನೇಮಕಾತಿ ಆದೇಶ, ಅನುಮೋದನೆ ಆದೇಶ, ಎಚ್‌ಆರ್‌ಎಂಎಸ್‌ನ (ಸರ್ಕಾರದ ಆನ್‌ಲೈನ್ ವೇತನ ವ್ಯವಸ್ಥೆ) ಕೊನೆಯ ವೇತನ ಚೀಟಿ, ಬಾಕಿ ತಿಂಗಳುಗಳ ಹಾಜರಿ ವಹಿಯ ಪ್ರತಿ ಲಗತ್ತಿಸಿ. ಹಾಜರಿ ವಹಿಯನ್ನು ಆದಷ್ಟು ಬೇಗ ಪಡೆಯಿರಿ, ಜಗಳ ಬಲಿತ ಮೇಲೆ ಶಾಲೆಯಿಂದ ಮೊದಲು ಕಾಣೆಯಾಗುವುದು ಅದೇ. ತಿಂಗಳುವಾರು ತಖ್ತೆಯೂ ಬೇಕು: ಮೂಲವೇತನ, ತುಟ್ಟಿಭತ್ಯೆ, ಮನೆ ಬಾಡಿಗೆ ಭತ್ಯೆ, ಕಡಿತ, ನಿವ್ವಳ. ಟಪಾಲು ಶಾಖೆಯ ದಿನಾಂಕ ಸಮೇತ ಮುದ್ರೆ ಹಾಕಿಸಿಕೊಳ್ಳಬೇಕು. ಬಾಯಿಮಾತಿನ ‘ನೋಡೋಣ, ಮಾಡೋಣ’ ನ್ಯಾಯಾಲಯದಲ್ಲಿ ನಿಲ್ಲುವುದಿಲ್ಲ. ಮನವಿಗೆ ಕಚೇರಿ ಕೊಡುವ ಲಿಖಿತ ಉತ್ತರವೇ ಹಿಂಬರಹ. ನಿರಾಕರಿಸಿದ ಹಿಂಬರಹ ಬಂದರೆ ಶಿಕ್ಷಕರು ಕುಗ್ಗುತ್ತಾರೆ. ಕುಗ್ಗಬೇಕಿಲ್ಲ, ಪ್ರಶ್ನಿಸಲು ಲಿಖಿತ ಕಾರಣ ಸಿಕ್ಕಿತು. ಹಿಂಬರಹವೇ ಬಾರದಿದ್ದರೆ ಮುದ್ರೆ ಬಿದ್ದ ಮನವಿ ಮತ್ತು ಅದರ ಮೇಲಿನ ಮೌನವೇ ಆಧಾರ.

ಎಲ್ಲಿಗೆ ಹೋಗಬೇಕು ಎಂಬುದರಲ್ಲಿ ವರ್ಷಗಟ್ಟಲೆ ಕಳೆದುಕೊಂಡವರಿದ್ದಾರೆ. ಕಾರ್ಮಿಕ ನ್ಯಾಯಾಲಯಕ್ಕೆ ಹೋಗುವಂತಿಲ್ಲ. ಶಿಕ್ಷಕರು ಅಂದಿನ ಕೈಗಾರಿಕಾ ವಿವಾದ ಕಾಯ್ದೆಯ ‘ಕಾರ್ಮಿಕ’ರಲ್ಲ ಎಂದು ಸುಪ್ರೀಂ ಕೋರ್ಟ್ 1988ರ ಸುಂದರಾಂಬಾಳ್ ತೀರ್ಪಿನಲ್ಲಿ ಹೇಳಿದೆ. ಅನುದಾನಿತ ಶಾಲೆಯವರು ಸರ್ಕಾರಿ ನೌಕರರಲ್ಲವಾದ್ದರಿಂದ ಆಡಳಿತ ನ್ಯಾಯಮಂಡಳಿಯೂ ಅಲ್ಲ. ಮಂಡಳಿ ವಜಾ ಮಾಡಿ ಸಂಬಳ ನಿಂತಿದ್ದರೆ ಕರ್ನಾಟಕ ಶಿಕ್ಷಣ ಕಾಯ್ದೆ 1983ರ 94ನೇ ಕಲಮಿನಡಿ ಶೈಕ್ಷಣಿಕ ಮೇಲ್ಮನವಿ ನ್ಯಾಯಮಂಡಳಿಗೆ ಮೂರು ತಿಂಗಳೊಳಗೆ ಹೋಗಬೇಕು. ಅಲ್ಲಿ ‘ಈ ಅವಧಿಯಲ್ಲಿ ಬೇರೆಲ್ಲೂ ಸಂಬಳದ ಕೆಲಸ ಮಾಡಿಲ್ಲ’ ಎಂಬ ಸಾಲು ಅರ್ಜಿಯಲ್ಲಿರಲೇಬೇಕು. 2013ರ ದೀಪಾಲಿ ಗುಂಡು ಸುರ್ವಸೆ ತೀರ್ಪಿನಂತೆ, ಅಷ್ಟು ಹೇಳಿದ ಮೇಲೆ ಅಲ್ಲವೆಂದು ಸಾಬೀತು ಮಾಡುವ ಹೊಣೆ ಮಂಡಳಿಯದು.

ಕೆಲಸದಲ್ಲಿದ್ದೂ ಸಂಬಳ ಬಾರದಿದ್ದರೆ ಹೈಕೋರ್ಟಿಗೆ ಸಂವಿಧಾನದ 226ನೇ ವಿಧಿಯಡಿ ರಿಟ್ (ಸರ್ಕಾರಕ್ಕೆ ಆದೇಶ ನೀಡುವಂತೆ ಕೋರುವ ಅರ್ಜಿ): ಜಿಲ್ಲೆಗೆ ತಕ್ಕಂತೆ ಬೆಂಗಳೂರು, ಧಾರವಾಡ ಅಥವಾ ಕಲಬುರಗಿ. ಪ್ರತಿವಾದಿಗಳಲ್ಲಿ ಸರ್ಕಾರ, ಆಯುಕ್ತರು, ಉಪನಿರ್ದೇಶಕರು, ಬಿಇಒ ಜತೆಗೆ ಆಡಳಿತ ಮಂಡಳಿಯನ್ನೂ ಸೇರಿಸಬೇಕು. ಬಿಲ್ಲು ಹೊರಡುವುದೇ ಅಲ್ಲಿಂದ. ಇನ್ನು ಕೋರಿಕೆ. ‘ಮನವಿಯನ್ನು ಪರಿಗಣಿಸಲು ನಿರ್ದೇಶಿಸಿ’ ಎಂದಷ್ಟೇ ಬರೆದರೆ ಪರಿಗಣಿಸಿ ಎಂಬ ಆದೇಶ ಸುಲಭವಾಗಿ ಸಿಗುತ್ತದೆ. ಇಲಾಖೆ ಪರಿಗಣಿಸಿ ತಿರಸ್ಕರಿಸುತ್ತದೆ, ಮತ್ತೆ ಹೊಸ ರಿಟ್. ಹಿಂಬರಹ ರದ್ದುಪಡಿಸಿ, ಇಂಥ ತಿಂಗಳಿಂದ ಇಂಥ ತಿಂಗಳವರೆಗಿನ ವೇತನವನ್ನು ಬಡ್ಡಿ ಸಮೇತ ಪಾವತಿಸಲು ಆದೇಶಿಸಿ ಎಂದು ಕೇಳುತ್ತೇನೆ. ತಖ್ತೆಯನ್ನು ಅನುಬಂಧವಾಗಿ ಹಾಕುತ್ತೇನೆ.

ಸರ್ಕಾರಿ ವಕೀಲರು ಸಾಮಾನ್ಯವಾಗಿ 2021ರ ಅಭಯ್ ನಂದನ್ ಇಂಟರ್ ಕಾಲೇಜು ತೀರ್ಪು ತರುತ್ತಾರೆ: ಅನುದಾನ ಹಕ್ಕಲ್ಲ, ನೀತಿಯ ವಿಷಯ. ಅದಕ್ಕೆ ನನ್ನ ಉತ್ತರ, ಇಲ್ಲಿ ಹೊಸ ಅನುದಾನ ಕೇಳುತ್ತಿಲ್ಲ. ಅನುಮೋದಿತ ಹುದ್ದೆಯಲ್ಲಿ ದುಡಿದ ಅವಧಿಯ ಕೂಲಿ ಕೇಳುತ್ತಿದ್ದೇವೆ. ಅನುಮೋದನೆ ಆದೇಶ ಕೈಯಲ್ಲಿಲ್ಲದವರಿಗೆ ಈ ಉತ್ತರ ದಕ್ಕದು; ಅವರು ಮೊದಲು ಅನುಮೋದನೆಗೇ ಹೋರಾಡಬೇಕು. ವಿಳಂಬವೂ ಬಾಕಿಯನ್ನು ತಿನ್ನುತ್ತದೆ. 2008ರ ತರ್ಸೇಮ್ ಸಿಂಗ್ ತೀರ್ಪಿನ ಪ್ರಕಾರ ಬಾಕಿ ಸಾಮಾನ್ಯವಾಗಿ ಅರ್ಜಿ ಹಾಕಿದ ದಿನಕ್ಕಿಂತ ಹಿಂದಿನ ಮೂರು ವರ್ಷಕ್ಕಷ್ಟೇ ಸೀಮಿತ. ಅನುದಾನಕ್ಕೆ ಒಳಪಡುವ ಮುಂಚಿನ ಸೇವೆಯ ಕಾಲ್ಪನಿಕ ವೇತನವನ್ನು (ಆ ಸೇವೆಯನ್ನೂ ಲೆಕ್ಕಕ್ಕೆ ಹಿಡಿದು ಕಾಗದದ ಮೇಲೆ ನಿಗದಿ ಮಾಡುವ ವೇತನ) ಇದೇ ಅರ್ಜಿಯಲ್ಲಿ ಬೆರೆಸಬೇಡಿ. ಅದಕ್ಕೆ ಅನುದಾನಿತ ಸಂಸ್ಥೆಗಳ ನೌಕರರ ವೇತನ, ಪಿಂಚಣಿ ಕುರಿತ ಕರ್ನಾಟಕದ 2014ರ ಕಾಯ್ದೆ ಅಡ್ಡ ಬರುತ್ತದೆ. ಸುಲಭದ ಬೇಡಿಕೆಯೂ ಅದರೊಂದಿಗೆ ಸಿಕ್ಕಿಕೊಳ್ಳುತ್ತದೆ.

ಆದೇಶವಾದ ಕೂಡಲೇ ದೃಢೀಕೃತ ಪ್ರತಿ ಪಡೆದು ಎಲ್ಲ ಪ್ರತಿವಾದಿಗಳಿಗೂ ಸ್ಪೀಡ್ ಪೋಸ್ಟ್‌ನಲ್ಲಿ ಕಳಿಸಿ, ರಸೀದಿ ಜೋಪಾನ ಮಾಡಿ. ರಿಟ್ ಮೇಲ್ಮನವಿಗೆ 30 ದಿನ ಇರುವುದರಿಂದ ಕೇವಿಯಟ್ (ನಮ್ಮನ್ನು ಕೇಳದೆ ಆದೇಶ ಮಾಡಬೇಡಿ ಎಂಬ ಮುನ್ನರ್ಜಿ) ಹಾಕಿಡುವುದು ಒಳ್ಳೆಯದು. ಬಾಕಿ ಬಿಲ್ಲಿಗೆ ಆ ತಿಂಗಳುಗಳ ವೇತನ ಈ ಮೊದಲು ಸೆಳೆದಿಲ್ಲ ಎಂಬ ಪ್ರಮಾಣಪತ್ರ ಬೇಕಾಗುತ್ತದೆ. ಅದನ್ನು ಮುಖ್ಯಶಿಕ್ಷಕರಿಂದ ಮೊದಲೇ ಬರೆಸಿಕೊಳ್ಳಿ. ನ್ಯಾಯಾಲಯ ಕೊಟ್ಟ ಗಡುವು ಮುಗಿದರೂ ಹಣ ಬಾರದಿದ್ದರೆ ನ್ಯಾಯಾಂಗ ನಿಂದನೆ ಅರ್ಜಿ. ಅದಕ್ಕೆ ಇರುವುದು ಒಂದೇ ವರ್ಷ. ‘ಮುಂದಿನ ತಿಂಗಳು ಆಗುತ್ತದೆ’ ಎಂಬ ಭರವಸೆಯಲ್ಲಿ ಆ ವರ್ಷ ದಾಟಲು ಬಿಡಬೇಡಿ.